ಮ್ಯೂರ್, ಫ್ರಾಂಕ್ (1920–1998)

ಬ್ರಿಟನ್ನಿನ ಹಾಸ್ಯ ಬರಹಗಾರ, ರೇಡಿಯೊ ಮತ್ತು ಟೆಲಿವಿಷನ್ ಪ್ರಸಾರಕ, ಕಾರ್ಯಕ್ರಮ ವಿಭಾಗಗಳ ಆಡಳಿತಗಾರ, ಗ್ರಂಥ ಸಂಪಾದಕ. ಪೂರ್ಣ ಹೆಸರು ಫ್ರಾಂಕ್ ಹರ್ಬರ್ಟ್ ಮ್ಯೂರ್. ಡೆನಿಸ್ ನಾರ್ಡನ್ (1922–2018) ಜೊತೆಗೂಡಿ ಬರೆದ 'ಟೇಕ್ ಇಟ್ ಫ್ರಮ್ ಹಿಯರ್' ಎಂಬ ಬಿಬಿಸಿ ರೇಡಿಯೊ ಸರಣಿ (1948–60) ಈತನಿಗೆ ಹೆಸರು ತಂದಿತು. ಟೆಲಿವಿಷನ್ನಿಗೆ ಬರೆದ 'ವ್ಯಾಕ್-ಓ!', ಮೂರು ದಶಕ ನಡೆದ ರೇಡಿಯೊ ಗೋಷ್ಠಿ 'ಮೈ ವರ್ಡ್!', ಟಿವಿಯ ಪದಕ್ರೀಡೆ 'ಕಾಲ್ ಮೈ ಬ್ಲಫ್' ಇತರ ಮುಖ್ಯ ಕಾರ್ಯಕ್ರಮಗಳು. 1960ರ ದಶಕದಲ್ಲಿ ಮೊದಲು ಬಿಬಿಸಿಯಲ್ಲಿ, ಅನಂತರ ಲಂಡನ್ ವೀಕೆಂಡ್ ಟೆಲಿವಿಷನ್ ಸಂಸ್ಥೆಯಲ್ಲಿ ಹಾಸ್ಯ ಕಾರ್ಯಕ್ರಮಗಳ ಹೊಣೆ ಹೊತ್ತಿದ್ದ.

ಬ್ರಿಟಿಷ್ ಪ್ರೇಕ್ಷಕರು ಈತನನ್ನು ಹೆಚ್ಚಾಗಿ ನೆನೆಯುವುದು ಗುಲಾಬಿ ಬಣ್ಣದ ಬೋ ಟೈ ಕಟ್ಟಿಕೊಂಡು ಪರದೆಯ ಮೇಲೆ ಕುಳಿತಿರುತ್ತಿದ್ದ ಆರೂವರೆ ಅಡಿ ಎತ್ತರದ ಮಾತುಗಾರ ಎಂದು. ಆದರೆ ಹಾಸ್ಯದ ಇತಿಹಾಸದಲ್ಲಿ ಈತನ ಸ್ಥಾನ ನಿಂತಿರುವುದು ಪರದೆಯ ಹಿಂದೆ ಮಾಡಿದ ಎರಡು ಕೆಲಸಗಳ ಮೇಲೆ. ಹಾಡು, ಚುಟುಕು, ಪ್ರಹಸನಗಳನ್ನು ಒಟ್ಟುಗೂಡಿಸುವ ಹಳೆಯ ವೆರೈಟಿ ಪದ್ಧತಿಯಿಂದ ಒಂದೇ ಮನೆ, ಒಂದೇ ಸಂಸಾರದ ಹಾಸ್ಯದ ಕಡೆಗೆ ಬ್ರಿಟಿಷ್ ಪ್ರಸಾರ ಹೊರಳಿದಾಗ ಅದಕ್ಕೆ ಬರವಣಿಗೆಯಿಂದ ನೆರವಾದದ್ದು ಒಂದು. ಆ ಹೊಸ ಬಗೆ ಬೇರೂರುವ ಹೊತ್ತಿಗೆ ಬೇರೆಯವರ ಸ್ಕ್ರಿಪ್ಟುಗಳಿಗೆ ಒಪ್ಪಿಗೆ ಕೊಡುವ ಕುರ್ಚಿಯಲ್ಲಿದ್ದದ್ದು ಇನ್ನೊಂದು.

ಬಾಲ್ಯ

ಮ್ಯೂರ್ ಹುಟ್ಟಿದ್ದು 1920ರ ಫೆಬ್ರುವರಿ 5ರಂದು, ಕೆಂಟ್ ಪ್ರಾಂತದ ಕಡಲತೀರದ ಊರು ರ‍್ಯಾಮ್ಸ್‌ಗೇಟ್‌ನಲ್ಲಿ, ಅಜ್ಜಿ ನಡೆಸುತ್ತಿದ್ದ 'ಡರ್ಬಿ ಆರ್ಮ್ಸ್' ಎಂಬ ಪಬ್ಬಿನಲ್ಲಿ. ತಂದೆ ನ್ಯೂಜಿಲೆಂಡ್ ಮೂಲದ ಹಡಗಿನ ಎಂಜಿನಿಯರ್. ಮೊದಲ ಶಾಲೆ ರ‍್ಯಾಮ್ಸ್‌ಗೇಟ್‌ನ ಚಾಟಮ್ ಹೌಸ್. ಮುಂದೆ ಬ್ರಿಟನ್ನಿನ ಪ್ರಧಾನಿಯಾದ ಎಡ್ವರ್ಡ್ ಹೀತ್ ಕೂಡ ಇದೇ ಶಾಲೆಯ ವಿದ್ಯಾರ್ಥಿ. ಕುಟುಂಬ ಪೂರ್ವ ಲಂಡನ್ನಿನ ಲೇಟನ್ ಭಾಗಕ್ಕೆ ಬಂದು ನೆಲೆಸಿದ ಮೇಲೆ ಅಲ್ಲಿನ ಕೌಂಟಿ ಹೈಸ್ಕೂಲು. ಈತ ಹದಿಹರೆಯದಲ್ಲಿದ್ದಾಗಲೇ ತಂದೆ ತೀರಿಕೊಂಡದ್ದರಿಂದ ಓದು ಅಲ್ಲಿಗೆ ನಿಂತಿತು. ಕಾರ್ಬನ್ ಪೇಪರ್ ಕಾರ್ಖಾನೆಯೊಂದರಲ್ಲಿ ಕೆಲಸಕ್ಕೆ ಸೇರಿದ.

ಮುಂದೆ ಈತನ ಮಾತಿನ ಧಾಟಿ, ಉಡುಪು, ಸಾಹಿತ್ಯದ ಓದು ನೋಡಿದವರೆಲ್ಲ ಈಟನ್, ಆಕ್ಸ್‌ಫರ್ಡ್‌ಗಳಲ್ಲಿ ಕಲಿತವನೆಂದೇ ಭಾವಿಸಿದರು. ವಿಶ್ವವಿದ್ಯಾಲಯದ ಮೆಟ್ಟಿಲು ಹತ್ತದ ಮ್ಯೂರ್‌ಗೆ ಈ ತಪ್ಪು ಕಲ್ಪನೆಯೇ ತಮಾಷೆಯ ವಸ್ತುವಾಗಿತ್ತು. ತಾನು ಓದಿದ್ದು 'ಈ-ಟೆನ್'ನಲ್ಲಿ, ಈಟನ್ನಿನಲ್ಲಲ್ಲ ಎನ್ನುತ್ತಿದ್ದ. ಇ10 ಎಂಬುದು ಲೇಟನ್ನಿನ ಅಂಚೆ ವಲಯದ ಸಂಖ್ಯೆ.

ವಾಯುಪಡೆ

ಎರಡನೆಯ ಮಹಾಯುದ್ಧದಲ್ಲಿ ಬ್ರಿಟಿಷ್ ವಾಯುಪಡೆಯಲ್ಲಿ ಛಾಯಾಗ್ರಾಹಕನಾಗಿದ್ದ. ಸರಿಯಾಗಿ ಬಿಚ್ಚಿಕೊಳ್ಳದ ಪ್ಯಾರಾಚೂಟುಗಳ ದೋಷ ಕಂಡುಹಿಡಿಯಲು ನಿಧಾನಗತಿಯ ಚಿತ್ರ ತೆಗೆಯುವುದು, ಶತ್ರು ನೆಲಕ್ಕೆ ಇಳಿಯಲಿದ್ದ ಗುಪ್ತ ಕಾರ್ಯಕರ್ತರ ಗುರುತಿನ ಚೀಟಿಗೆ ಫೋಟೊ ತೆಗೆಯುವುದು ಅಲ್ಲಿನ ಕೆಲಸಗಳಲ್ಲಿ ಸೇರಿದ್ದವು. ಐಸ್‌ಲೆಂಡಿನಲ್ಲಿ ನಿಯೋಜಿತನಾಗಿದ್ದಾಗ ಸೈನಿಕರಿಗಾಗಿ ನಡೆಯುತ್ತಿದ್ದ ರೇಡಿಯೊ ಕೇಂದ್ರದಲ್ಲಿ ಬರೆಯುವುದಕ್ಕೂ ಮಾತಾಡುವುದಕ್ಕೂ ಅವಕಾಶ ಸಿಕ್ಕಿತು. ಯುದ್ಧಾನಂತರದ ಬ್ರಿಟಿಷ್ ಹಾಸ್ಯಗಾರರ ಪೀಳಿಗೆಯಲ್ಲಿ ಬಹುಪಾಲು ಜನ ಸೇನಾ ಶಿಬಿರಗಳ ಮನರಂಜನೆಯಿಂದಲೇ ಬಂದವರು. ಪೀಟರ್ ಸೆಲರ್ಸ್, ಹ್ಯಾರಿ ಸೀಕಂಬ್, ಸ್ಪೈಕ್ ಮಿಲಿಗನ್ ಹಾದಿಯೂ ಇದೇ. ಅರ್ಧ ಸೆಕೆಂಡು ತಡವಾದರೂ ಗದ್ದಲ ಎಬ್ಬಿಸುವ ಸಭಿಕರ ಮುಂದೆ ಪಳಗಿದ್ದರಿಂದ, ಮಾತಿನ ವೇಗದ ಅಂದಾಜು ಈ ಪೀಳಿಗೆಗೆ ಬೇಗ ದಕ್ಕಿತು.

'ಟೇಕ್ ಇಟ್ ಫ್ರಮ್ ಹಿಯರ್'

ಸೇನೆಯಿಂದ ಬಿಡುಗಡೆಯಾದ ಮೇಲೆ ಮ್ಯೂರ್ ಲಂಡನ್ನಿನ ವಿಂಡ್‌ಮಿಲ್ ರಂಗಮಂದಿರದಲ್ಲಿ ಹಾಸ್ಯ ಮಾಡುತ್ತಿದ್ದ ಜಿಮ್ಮಿ ಎಡ್ವರ್ಡ್ಸ್‌ಗೆ ಬರೆಯತೊಡಗಿದ. ಎಡ್ವರ್ಡ್ಸ್ ವಾಯುಪಡೆಯ ಮಾಜಿ ವಿಮಾನ ಚಾಲಕ. ಎದ್ದು ಕಾಣುವ ದೊಡ್ಡ ಮೀಸೆ, ಗದರುವ ಕಂಠ. ಅದೇ ಹೊತ್ತಿಗೆ ಡೆನಿಸ್ ನಾರ್ಡನ್ ಆಸ್ಟ್ರೇಲಿಯಾದ ನಟ ಡಿಕ್ ಬೆಂಟ್ಲಿಗೆ ಬರೆಯುತ್ತಿದ್ದ. ಇಬ್ಬರು ಬರಹಗಾರರೂ ಟೆಡ್ ಕ್ಯಾವನಾ ಅವರ ಏಜೆನ್ಸಿಗೆ ಸೇರಿದವರು. 1947ರಲ್ಲಿ ಬಿಬಿಸಿ ನಿರ್ಮಾಪಕ ಚಾರ್ಲ್ಸ್ ಮ್ಯಾಕ್ಸ್‌ವೆಲ್ ಇವರನ್ನು ಜೋಡಿಸಿದ. ಎಡ್ವರ್ಡ್ಸ್, ಬೆಂಟ್ಲಿ, ಆಸ್ಟ್ರೇಲಿಯಾದ ಗಾಯಕಿ-ನಟಿ ಜಾಯ್ ನಿಕೋಲ್ಸ್ ಈ ಮೂವರ ಹೊಸ ಸರಣಿ 1948ರ ಮಾರ್ಚ್ 23ರಂದು ಶುರುವಾಯಿತು.

ಅದರ ಹೊಸತನ ತಿಳಿಯಬೇಕಾದರೆ ಅಂದಿನ ರೇಡಿಯೊ ಹಾಸ್ಯ ಹೇಗಿತ್ತೆಂಬುದನ್ನು ನೋಡಬೇಕು. ಯುದ್ಧಕಾಲದ ಮಹಾ ಜನಪ್ರಿಯ ಕಾರ್ಯಕ್ರಮ 'ಇಟ್ಮಾ'. ಅದನ್ನು ಬರೆಯುತ್ತಿದ್ದವನು ಟೆಡ್ ಕ್ಯಾವನಾನೇ. ಬಾಗಿಲು ತೆರೆಯುವ ಸದ್ದು, ಒಂದು ಪಾತ್ರದ ಪ್ರವೇಶ, ಪ್ರತಿ ವಾರ ಬರುವ ಅದೇ ಒಂದು ಮಾತು, ನಗು, ನಿರ್ಗಮನ, ಮತ್ತೆ ಬಾಗಿಲು. ಮಾತು ಮರುಕಳಿಸುವುದೇ ನಗುವಿಗೆ ಕಾರಣ. 1949ರ ಜನವರಿಯಲ್ಲಿ ನಾಯಕ ಟಾಮಿ ಹ್ಯಾಂಡ್ಲಿ ತೀರಿಕೊಂಡಾಗ 'ಇಟ್ಮಾ' ನಿಂತಿತು. ಮ್ಯೂರ್-ನಾರ್ಡನ್ ಈ ಬಾಗಿಲಿನ ತಂತ್ರವನ್ನು ಬಿಟ್ಟು ವಾಕ್ಯದ ಒಳರಚನೆಗೆ ಕೈಹಾಕಿದರು. ಅವರ ಸ್ಕ್ರಿಪ್ಟಿನಲ್ಲಿ ನಗು ಬರುವುದು ವಾಕ್ಯದ ಕೊನೆಯ ಪದದಲ್ಲಿ. ಅದಕ್ಕೆ ಮುಂಚಿನ ಪದಗಳೆಲ್ಲ ಕೇಳುಗನನ್ನು ಬೇರೆ ದಿಕ್ಕಿಗೆ ಕರೆದೊಯ್ಯುತ್ತಿರುತ್ತವೆ. ಕೊನೆಯ ಪದದ ನಂತರ ಒಂದು ಅಕ್ಷರವೂ ಉಳಿಯದಂತೆ ವಾಕ್ಯವನ್ನು ತಿರುಗಿಸಿ ಬರೆಯುವುದು ಇವರ ಕಸುಬಿನ ಮೊದಲ ನಿಯಮವೆನ್ನಬಹುದು. ಕೆಲಸವನ್ನು ಹಂಚಿಕೊಂಡು ಮನೆಯಲ್ಲಿ ಬರೆದು ತರುವ ಪದ್ಧತಿ ಇರಲಿಲ್ಲ. ಒಂದೇ ಕೋಣೆಯಲ್ಲಿ ಕುಳಿತು, ಪ್ರತಿ ಸಾಲನ್ನೂ ಬಾಯಲ್ಲಿ ಆಡಿ ನೋಡಿ, ಇಬ್ಬರೂ ಒಪ್ಪಿದ ಮೇಲೆ ಕಾಗದಕ್ಕೆ ಇಳಿಸುತ್ತಿದ್ದರು. ಹೀಗಾಗಿ ಯಾವ ಸಾಲು ಯಾರದೆಂದು ಬಿಡಿಸಿ ಹೇಳುವುದು ಅವರಿಗೇ ಸಾಧ್ಯವಿರಲಿಲ್ಲ.

ಆರಂಭದ ವರ್ಷಗಳಲ್ಲಿ ಕಾರ್ಯಕ್ರಮಕ್ಕೆ ಸುಮಾರಾಗಿ ಮೂರು ಭಾಗ. ಮೊದಲು ನಟರ ನಡುವಿನ ಮಾತಿನ ಚಕಮಕಿ, ನಡುವೆ ಹಾಡು, ಕೊನೆಗೆ ಜನಪ್ರಿಯ ಸಿನಿಮಾ ಅಥವಾ ನಾಟಕವೊಂದರ ಅಣಕ. ಕೊನೆಯ ಭಾಗಕ್ಕೆ ನಾರ್ಡನ್‌ನ ಹಿನ್ನೆಲೆ ಒದಗಿ ಬಂತು. ಯುದ್ಧಕ್ಕೆ ಮುಂಚೆ ಆತ ಸಿನಿಮಾ ಮಂದಿರದ ಮ್ಯಾನೇಜರ್ ಆಗಿದ್ದವನು. ಹಾಲಿವುಡ್ಡಿನ ಸಂಭಾಷಣೆಯ ಸವಕಲು ತಿರುವುಗಳೆಲ್ಲ ಬಾಯಿಪಾಠ. ಕೇಳುಗರೂ ವಾರಕ್ಕೊಮ್ಮೆಯಾದರೂ ಸಿನಿಮಾಕ್ಕೆ ಹೋಗುತ್ತಿದ್ದ ಕಾಲವದು, ಅಣಕಕ್ಕೆ ಮೂಲ ಯಾವುದೆಂದು ವಿವರಿಸಬೇಕಾಗಿರಲಿಲ್ಲ. ಇಂಥ ಒಂದು ಅಣಕದಲ್ಲಿ ಜೂಲಿಯಸ್ ಸೀಸರ್ 'ಇನ್ಫಮಿ' (ಅಪಕೀರ್ತಿ) ಎಂಬ ಪದವನ್ನು ಒಡೆದು, ಎಲ್ಲರೂ ತನ್ನ ಮೇಲೆ ಹಗೆ ಸಾಧಿಸುತ್ತಿದ್ದಾರೆಂದು ಗೋಳಾಡುವ ಶ್ಲೇಷೆಯಿತ್ತು. ಚಿತ್ರಕಥೆಗಾರ ಟಾಲ್ಬಟ್ ರಾತ್‌ವೆಲ್ ಅದನ್ನು ಇಬ್ಬರ ಅನುಮತಿ ಪಡೆದು 1964ರ 'ಕ್ಯಾರಿ ಆನ್ ಕ್ಲಿಯೊ' ಚಿತ್ರದಲ್ಲಿ ಬಳಸಿದ. ಕೆನೆತ್ ವಿಲಿಯಮ್ಸ್ ಬಾಯಲ್ಲಿ ಅದು ಬ್ರಿಟಿಷ್ ಸಿನಿಮಾದ ಅತಿ ಪ್ರಸಿದ್ಧ ಹಾಸ್ಯದ ಸಾಲುಗಳಲ್ಲೊಂದಾಯಿತು. ಮೂಲ ಬರಹಗಾರರು ಯಾರೆಂಬುದು ಹಲವರಿಗೆ ತಿಳಿಯದು.

ಶ್ಲೇಷೆಯ ಕಡೆಗಿನ ಒಲವಿಗೆ ಅಭಿರುಚಿಯೊಂದೇ ಕಾರಣವಿರಲಾರದು. 1940ರ ದಶಕದ ಕೊನೆಯಲ್ಲಿ ಬಿಬಿಸಿಯ ವೆರೈಟಿ ವಿಭಾಗ ತನ್ನ ಬರಹಗಾರರಿಗೂ ನಿರ್ಮಾಪಕರಿಗೂ ಒಂದು ಕೈಪಿಡಿ ಕೊಟ್ಟಿತ್ತು. ಅದು 'ಹಸಿರು ಪುಸ್ತಕ' ಎಂದೇ ಹೆಸರಾಯಿತು. ಶೌಚಾಲಯ, ಹೆಣ್ಣಿಗತನದ ಗಂಡಸರು, ಮಧುಚಂದ್ರದ ಜೋಡಿ, ಹೋಟೆಲಿನ ಕೋಣೆ ಕೆಲಸದಾಕೆ, ಹೆಂಗಸರ ಒಳಉಡುಪು, ಮೊಲಗಳ ಸಂತಾನ, ಮನೆಯಲ್ಲಿ ಬಾಡಿಗೆಗಿರುವವ, ಊರೂರು ಅಲೆಯುವ ಮಾರಾಟಗಾರ ಇವೆಲ್ಲ ಅದರಲ್ಲಿ ನಿಷಿದ್ಧ ಅಥವಾ ಎಚ್ಚರಿಕೆಯ ವಿಷಯಗಳು. ಸಂಗೀತ ಭವನಗಳ ಹಳೆಯ ಹಾಸ್ಯದ ಬಂಡವಾಳವೆಲ್ಲ ಈ ಪಟ್ಟಿಯಲ್ಲೇ ಮುಗಿದುಹೋಗುತ್ತಿತ್ತು. ವಿಷಯದ ಬಾಗಿಲು ಮುಚ್ಚಿದ್ದರಿಂದ ಚತುರ ಬರಹಗಾರರು ಭಾಷೆಯ ಕಡೆ ತಿರುಗಿದರು ಎಂದು ಊಹಿಸಲು ಅವಕಾಶವಿದೆ. 'ಟೇಕ್ ಇಟ್ ಫ್ರಮ್ ಹಿಯರ್' ಆ ತಿರುವಿನ ಒಳ್ಳೆಯ ಉದಾಹರಣೆ.

1953ರಲ್ಲಿ ಜಾಯ್ ನಿಕೋಲ್ಸ್ ಬಿಟ್ಟುಹೋದಾಗ ಒಬ್ಬಳ ಜಾಗಕ್ಕೆ ಇಬ್ಬರನ್ನು ತರಬೇಕಾಯಿತು: ಹಾಡಿಗೆ ಆಲ್ಮಾ ಕೋಗನ್, ಪಾತ್ರಗಳಿಗೆ ಜೂನ್ ವಿಟ್‌ಫೀಲ್ಡ್. ಆ ವರ್ಷದ ನವೆಂಬರಿನಲ್ಲಿ ಹುಟ್ಟಿದ ಹೊಸ ಪ್ರಹಸನವೇ 'ದ ಗ್ಲಮ್ಸ್'. ಆಗ ಬಿಬಿಸಿಯಲ್ಲಿ ಸುಖಸಂಸಾರದ ಸರಣಿಗಳ ಕಾಲ. ಲಯನ್ ದಂಪತಿಗಳ ಮನೆ, ಡಾಕ್ಟರ ಹೆಂಡತಿ ಮಿಸೆಸ್ ಡೇಲ್‌ಳ ದಿನಚರಿ ಮನೆಮಾತಾಗಿದ್ದವು. ಅದಕ್ಕೆ ಎದುರಾಗಿ ಒರಟ, ಸೋಮಾರಿ, ಸ್ವಾರ್ಥಿ ಸಂಸಾರವೊಂದನ್ನು ನಿಲ್ಲಿಸಿದರೆ ಹೇಗೆ ಎಂಬುದೇ ಗ್ಲಮ್ ಕುಟುಂಬದ ಬೀಜ.

ಪ್ರಹಸನ ಆರಂಭವಾಗುವುದು ಪಬ್ಬಿನಲ್ಲಿ. ಅಂಗಡಿ ಮುಚ್ಚುವ ಹೊತ್ತು. ಎಡ್ವರ್ಡ್ಸ್ ವಹಿಸಿದ ಅಪ್ಪ ಗ್ಲಮ್ ಇನ್ನೊಂದು ಲೋಟ ಬಿಯರಿಗಾಗಿ ಪಬ್ಬಿನವನನ್ನು ಕಾಡುತ್ತ, ಆತ ಒಲ್ಲೆನೆಂದಂತೆ ಮಗನ ಪುರಾಣ ತೆಗೆಯುತ್ತಾನೆ. ಅಲ್ಲಿಂದ ದೃಶ್ಯ ಮನೆಯ ಮುಂಕೋಣೆಗೆ ಜಾರುತ್ತದೆ. ಸೋಫಾದ ಮೇಲೆ ಮಗ ರಾನ್, ಪಕ್ಕದಲ್ಲಿ ಮದುವೆ ನಿಶ್ಚಯವಾದ ಎತ್. ಎತ್ ನಿಟ್ಟುಸಿರಿಟ್ಟು ರಾನ್‌ನ ಹೆಸರು ಕರೆಯುತ್ತಾಳೆ. ರಾನ್ ತನ್ನ ಮಂದ ದನಿಯಲ್ಲಿ ಓಗೊಡುತ್ತಾನೆ. ಎತ್‌ಗೆ ಪ್ರೀತಿಯ ಮಾತು ಬೇಕು, ರಾನ್‌ನ ತಲೆಗೆ ಅದು ಹೊಳೆಯದು, ಅಷ್ಟರಲ್ಲಿ ಅಪ್ಪ ಬಾಗಿಲು ತಳ್ಳಿ ಒಳಗೆ ನುಗ್ಗುತ್ತಾನೆ. ಅಮ್ಮ ಗ್ಲಮ್ ಎಂದೂ ಮಾತಾಡುವುದಿಲ್ಲ. ಮಹಡಿಯ ಮೇಲಿಂದ ಅರ್ಥವಾಗದ ಒಂದು ಗೊಣಗಾಟ ಮಾತ್ರ ಕೇಳುತ್ತದೆ, ಆ ದನಿ ಗಾಯಕಿ ಕೋಗನ್‌ಳದು. ಮಗನ ಪಾತ್ರದ ಬೆಂಟ್ಲಿ 1907ರಲ್ಲಿ ಹುಟ್ಟಿದವನು, ಅಪ್ಪನ ಪಾತ್ರದ ಎಡ್ವರ್ಡ್ಸ್ 1920ರಲ್ಲಿ. ಮಗ ಅಪ್ಪನಿಗಿಂತ ಹದಿಮೂರು ವರ್ಷ ದೊಡ್ಡವ ಎಂಬುದು ರೇಡಿಯೊದಲ್ಲಿ ಯಾರಿಗೂ ತೊಡಕಾಗಲಿಲ್ಲ.

ರಾನ್-ಎತ್ ಮದುವೆ ಎಂದಿಗೂ ಆಗದು. ಅಪ್ಪನ ಸ್ವಭಾವವೂ ಬದಲಾಗದು. ಪ್ರತಿ ವಾರದ ಕಥೆ ಮೊದಲಿದ್ದ ಸ್ಥಿತಿಗೇ ಮರಳುತ್ತದೆ. ಒಗ್ಗದ ಜನ ಒಂದೇ ಕೋಣೆಯಲ್ಲಿ ಸಿಕ್ಕಿಬಿದ್ದು ಅಲ್ಲಿಂದ ಹೊರಬರಲಾರದಿರುವುದು ಮುಂದೆ ಬಂದ ಸಾಂಸಾರಿಕ ಹಾಸ್ಯ ಸರಣಿಗಳ ಮೂಲ ಚೌಕಟ್ಟು. ರೇ ಗಾಲ್ಟನ್ ಮತ್ತು ಆಲನ್ ಸಿಂಪ್ಸನ್ ಬರೆದ 'ಹ್ಯಾನ್‌ಕಾಕ್ಸ್ ಹಾಫ್ ಅವರ್' 1954ರ ನವೆಂಬರಿನಲ್ಲಿ ಬಂದು, ಅರ್ಧ ಗಂಟೆ ಪೂರ್ತಿ ಒಂದೇ ಕಥೆ ಎಂಬ ರೂಪವನ್ನು ಗಟ್ಟಿಗೊಳಿಸಿತು. ಗ್ಲಮ್ಸ್ ಅಷ್ಟು ದೂರ ಹೋಗಲಿಲ್ಲ. ಅದು ದೊಡ್ಡ ವೆರೈಟಿ ಕಾರ್ಯಕ್ರಮದೊಳಗಿನ ಒಂದು ತುಂಡಾಗಿಯೇ ಉಳಿಯಿತು. ಆದ್ದರಿಂದ ಅದನ್ನು ಬ್ರಿಟಿಷ್ ಸಿಟ್‌ಕಾಮ್‌ನ ಮೂಲ ಎನ್ನುವುದು ಅತಿಯಾದೀತು. ಕೇಳುಗರನ್ನು ಅದಕ್ಕೆ ಹದಗೊಳಿಸಿದ ಮೊದಲ ಪ್ರಯತ್ನಗಳಲ್ಲಿ ಒಂದು ಎನ್ನಲು ಅಡ್ಡಿಯಿಲ್ಲ. ಮ್ಯೂರ್-ನಾರ್ಡನ್ 1959ರಲ್ಲಿ ಸರಣಿಯಿಂದ ಹೊರಬಂದರು. ಕೊನೆಯ ಕಂತುಗಳನ್ನು ಬ್ಯಾರಿ ಟುಕ್ ಮತ್ತು ಎರಿಕ್ ಮೆರಿಮನ್ ಬರೆದರು. 1970ರ ದಶಕದ ಕೊನೆಗೆ ಲಂಡನ್ ವೀಕೆಂಡ್ ಟೆಲಿವಿಷನ್ ಗ್ಲಮ್ ಕುಟುಂಬವನ್ನು ಪರದೆಗೆ ತಂದಿತು. ಎಡ್ವರ್ಡ್ಸ್ ಮತ್ತೆ ಅಪ್ಪನಾದ, ಇಯಾನ್ ಲ್ಯಾವೆಂಡರ್ ಮತ್ತು ಪೆಟ್ರೀಶಿಯಾ ಬ್ರೇಕ್ ಜೋಡಿಯಾದರು.

ಈ ಅವಧಿಯ ಇನ್ನೊಂದು ತುಣುಕನ್ನು ಹೇಳದೆ ಬಿಡುವಂತಿಲ್ಲ. 1949ರಲ್ಲಿ ಬಿಬಿಸಿಯ ಗಂಭೀರ ವಾಹಿನಿ ಥರ್ಡ್ ಪ್ರೋಗ್ರಾಮ್‌ನಲ್ಲಿ ಬಂದ 'ಥರ್ಡ್ ಡಿವಿಜನ್' ಎಂಬ ಹಾಸ್ಯ ಸರಣಿಗೆ ಇವರಿಬ್ಬರು ಒಂದು ಅಣಕ ಪ್ರವಾಸಕಥನ ಬರೆದರು. ಹಾಲಿವುಡ್ಡಿನ ಪ್ರವಾಸಿ ಕಿರುಚಿತ್ರಗಳ ಗದ್ಗದ ಕಂಠದಲ್ಲಿ ದಕ್ಷಿಣ ಲಂಡನ್ನಿನ ಬ್ಯಾಲಮ್ ಎಂಬ ಸಾಧಾರಣ ಬಡಾವಣೆಯನ್ನು ಸ್ವರ್ಗವೆಂಬಂತೆ ಬಣ್ಣಿಸುವುದು ಅದರ ಹೂರಣ. ಅಲ್ಲಿನ ಪಾರಂಪರಿಕ ಕುಶಲ ಕೈಗಾರಿಕೆ ಯಾವುದೆಂದರೆ ಹಲ್ಲುಜ್ಜುವ ಬ್ರಷ್ಷಿನ ಹಿಡಿಯ ತುದಿಯಲ್ಲಿ ಕೈಯಿಂದ ತೂತು ಕೊರೆಯುವುದು. 1950ರ ದಶಕದ ಕೊನೆಯಲ್ಲಿ ಪೀಟರ್ ಸೆಲರ್ಸ್ ಇದನ್ನು ಜಾರ್ಜ್ ಮಾರ್ಟಿನ್ ನಿರ್ಮಿಸಿದ ಗ್ರಾಮಫೋನ್ ತಟ್ಟೆಯಲ್ಲಿ ಮತ್ತೆ ನುಡಿದ. ಬೀಟಲ್ಸ್ ತಂಡವನ್ನು ಧ್ವನಿಮುದ್ರಿಸುವ ಮುಂಚೆ ಮಾರ್ಟಿನ್ ಹೆಸರಾದದ್ದು ಇಂಥ ಹಾಸ್ಯ ತಟ್ಟೆಗಳಿಂದಲೇ.

ಟೆಲಿವಿಷನ್ ಬರವಣಿಗೆ

ಇಬ್ಬರೂ 1954ರಲ್ಲಿ ಬೆಂಟ್ಲಿಗಾಗಿ 'ಆ್ಯಂಡ್ ಸೋ ಟು ಬೆಂಟ್ಲಿ' ಬರೆದರು. ನಿಜವಾದ ಯಶಸ್ಸು ಬಂದದ್ದು ಎಡ್ವರ್ಡ್ಸ್ ನಾಯಕನಾದ 'ವ್ಯಾಕ್-ಓ!' ಸರಣಿಯಿಂದ (1956–60). ಚಿಸಲ್ಬರಿ ಎಂಬ ಖಾಸಗಿ ವಸತಿ ಶಾಲೆ, ಬೆತ್ತ ಬೀಸುವ, ಕುಡಿಯುವ, ಜೂಜಾಡುವ, ಹುಡುಗರ ಕಿಸೆಯ ಕಾಸಿಗೂ ಕಣ್ಣು ಹಾಕುವ ಹೆಡ್‌ಮಾಸ್ಟರು, ಆತನ ಕೈಕೆಳಗೆ ನಲುಗುವ ಸಾಧು ಉಪಾಧ್ಯಾಯ ಪೆಟಿಗ್ರೂ. ಪೆಟಿಗ್ರೂ ಪಾತ್ರ ಮಾಡಿದವನು ಚಿತ್ರನಟ ಲೆಸ್ಲಿ ಹೊವರ್ಡ್‌ನ ತಮ್ಮ ಆರ್ಥರ್ ಹೊವರ್ಡ್. ಎಡ್ವರ್ಡ್ಸ್‌ನ ಮೀಸೆ, ಮೈಕಟ್ಟು, ಕಣ್ಣಿನ ಕಳ್ಳತನ ರೇಡಿಯೊದಲ್ಲಿ ವ್ಯರ್ಥವಾಗುತ್ತಿದ್ದವು. ಇಲ್ಲಿ ಬರಹಗಾರರು ಮಾತು ಕಡಿಮೆ ಮಾಡಿ ಆತನ ಮುಖಕ್ಕೆ ಜಾಗ ಬಿಟ್ಟದ್ದು ಗಮನಾರ್ಹ. 1960ರಲ್ಲಿ ಇದೇ ಶಾಲೆಯನ್ನಿಟ್ಟುಕೊಂಡು 'ಬಾಟಮ್ಸ್ ಅಪ್' ಎಂಬ ಚಲನಚಿತ್ರ ಬಂತು. 1970ರ ದಶಕದ ಆರಂಭದಲ್ಲಿ ಸರಣಿ ವರ್ಣದಲ್ಲಿ ಮರುಹುಟ್ಟು ಪಡೆಯಿತು. ಮೂಲ ಕಂತುಗಳಲ್ಲಿ ಹೆಚ್ಚಿನವು ಉಳಿದಿಲ್ಲ.

ಎಡ್ವರ್ಡ್ಸ್ ಪ್ರತಿ ವಾರ ಬೇರೆ ವೇಷದಲ್ಲಿ ಬರುತ್ತಿದ್ದ 'ದ ಸೆವೆನ್ ಫೇಸಸ್ ಆಫ್ ಜಿಮ್' (1961), ಹೆನ್ರಿ ಸೆಸಿಲ್‌ನ ಕಾದಂಬರಿ ಆಧರಿಸಿ ಎಳೆಯ ವಕೀಲನ ಪಾತ್ರದಲ್ಲಿ ರಿಚರ್ಡ್ ಬ್ರಯರ್ಸ್ ನಟಿಸಿದ 'ಬ್ರದರ್ಸ್ ಇನ್ ಲಾ' (1962) ಆನಂತರದವು.

ಆಡಳಿತದ ವರ್ಷಗಳು

1960ರಿಂದ ಇಬ್ಬರೂ ಬಿಬಿಸಿ ಟೆಲಿವಿಷನ್ನಿನ ಲಘು ಮನರಂಜನಾ ವಿಭಾಗಕ್ಕೆ ಸಲಹೆಗಾರರಾಗಿದ್ದರು. 1964ರಲ್ಲಿ ಬರವಣಿಗೆಯ ಪಾಲುದಾರಿಕೆ ಮುಗಿಯಿತು. ಸ್ನೇಹ, ರೇಡಿಯೊ ಗೋಷ್ಠಿ ಮುಂದುವರಿದವು. ನಾರ್ಡನ್ ಸಿನಿಮಾ ಬರವಣಿಗೆಯ ಕಡೆ ಹೊರಟ. ಮ್ಯೂರ್ ಅದೇ ವಿಭಾಗದ ಸಹಾಯಕ ಮುಖ್ಯಸ್ಥನಾಗಿ ಹಾಸ್ಯದ ಹೊಣೆ ವಹಿಸಿಕೊಂಡ. ಮುಖ್ಯಸ್ಥ ಟಾಮ್ ಸ್ಲೋನ್.

ಬಿಬಿಸಿ ಹಾಸ್ಯಕ್ಕೆ ಅದು ಫಸಲಿನ ಕಾಲ. 'ದ ಲೈಕ್ಲಿ ಲ್ಯಾಡ್ಸ್', ಪೀಟರ್ ಕುಕ್ ಮತ್ತು ಡಡ್ಲಿ ಮೂರ್ ಅವರ 'ನಾಟ್ ಓನ್ಲಿ ಬಟ್ ಆಲ್ಸೊ', 'ದ ಫ್ರಾಸ್ಟ್ ರಿಪೋರ್ಟ್' ಎಲ್ಲವೂ 1964–66ರ ನಡುವೆ ಬಂದವು. ಜಾನಿ ಸ್ಪೈಟ್ ಬರೆದ 'ಟಿಲ್ ಡೆತ್ ಅಸ್ ಡೂ ಪಾರ್ಟ್' 1965ರಲ್ಲಿ ಬಿಡಿ ನಾಟಕವಾಗಿ, ಮರುವರ್ಷ ಸರಣಿಯಾಗಿ ಬಂತು. ಜನಾಂಗದ್ವೇಷಿ ಬಾಯಿಬಡುಕ ಆಲ್ಫ್ ಗಾರ್ನೆಟ್‌ನ ಈ ಸರಣಿ ಹುಟ್ಟಿಸಿದ ವಿವಾದ ಸಣ್ಣದಲ್ಲ. ಇಂಥ ದೊಡ್ಡ ಸಂಸ್ಥೆಯಲ್ಲಿ ಯಾವ ಕಾರ್ಯಕ್ರಮದ ಶ್ರೇಯವೂ ಒಬ್ಬ ಅಧಿಕಾರಿಗೆ ಸಲ್ಲುವುದಿಲ್ಲ. ನಿರ್ಮಾಪಕ, ಬರಹಗಾರ, ಮೇಲಧಿಕಾರಿ ಎಲ್ಲರ ಪಾಲೂ ಇರುತ್ತದೆ. ಆದರೂ ಬರಹಗಾರನ ಕಷ್ಟ ಬಲ್ಲವನೊಬ್ಬ ಆ ಕುರ್ಚಿಯಲ್ಲಿದ್ದದ್ದು ಹೊಸಬರಿಗೆ ಅನುಕೂಲವಾಯಿತು ಎಂಬುದನ್ನು ಅಲ್ಲಗಳೆಯುವುದು ಕಷ್ಟ.

ಲಂಡನ್ ವೀಕೆಂಡ್ ಟೆಲಿವಿಷನ್ನಿನಲ್ಲಿ ಮ್ಯೂರ್‌ನ ಪಾತ್ರ ಇನ್ನೂ ಸ್ಪಷ್ಟ. ವಾಣಿಜ್ಯ ವಾಹಿನಿಯ ಹೊಸ ಪರವಾನಗಿಗಳ ಹಂಚಿಕೆಯಲ್ಲಿ, ಲಂಡನ್ನಿನ ವಾರಾಂತ್ಯದ ಪ್ರಸಾರ ಡೇವಿಡ್ ಫ್ರಾಸ್ಟ್ ಮುಂತಾದವರ ಗುಂಪಿಗೆ ದಕ್ಕಿತು. ಬಿಬಿಸಿಯಿಂದ ಬಂದ ಮೈಕಲ್ ಪೀಕಾಕ್ ಆಡಳಿತ ನಿರ್ದೇಶಕ, ಮ್ಯೂರ್ ಮನರಂಜನಾ ಮುಖ್ಯಸ್ಥ. ಮೊದಲ ಪ್ರಸಾರ 1968ರ ಆಗಸ್ಟ್ 2, ಶುಕ್ರವಾರ ಸಂಜೆ ಏಳಕ್ಕೆ. ಮೊದಲ ಕಾರ್ಯಕ್ರಮ 'ವಿ ಹ್ಯಾವ್ ವೇಸ್ ಆಫ್ ಮೇಕಿಂಗ್ ಯು ಲಾಫ್', ನಿರೂಪಕ ಸ್ವತಃ ಮ್ಯೂರ್. ಶುರುವಾಗಿ ಕೆಲವೇ ಸೆಕೆಂಡುಗಳಲ್ಲಿ ತಂತ್ರಜ್ಞರ ಮುಷ್ಕರದಿಂದ ಪ್ರಸಾರ ಕಡಿದುಹೋಯಿತು. ಅಮೆರಿಕದಿಂದ ಬಂದಿದ್ದ ವ್ಯಂಗ್ಯಚಿತ್ರಕಾರ ಟೆರಿ ಗಿಲಿಯಮ್ ತನ್ನ ಮೊದಲ ಅನಿಮೇಷನ್ ತುಣುಕು ಮಾಡಿದ್ದು ಈ ಸರಣಿಗೇ. ಮುಂದೆ 'ಮಾಂಟಿ ಪೈಥಾನ್'ಗೆ ಸೇರಿದ ಮೈಕಲ್ ಪೇಲಿನ್ ಮತ್ತು ಟೆರಿ ಜೋನ್ಸ್ ಅವರ ಅಣಕ ಇತಿಹಾಸ 'ದ ಕಂಪ್ಲೀಟ್ ಆ್ಯಂಡ್ ಅಟ್ಟರ್ ಹಿಸ್ಟರಿ ಆಫ್ ಬ್ರಿಟನ್' (1969) ಪ್ರಸಾರವಾದದ್ದೂ ಇಲ್ಲಿಂದಲೇ.

ಜನಪ್ರಿಯತೆಯ ಲೆಕ್ಕದಲ್ಲಿ ಗೆದ್ದವು ಬೇರೆ ಮೂರು: ಎಳೆಯ ಮೇಷ್ಟ್ರೊಬ್ಬ ಪುಂಡ ತರಗತಿಯನ್ನು ನಿಭಾಯಿಸುವ 'ಪ್ಲೀಸ್ ಸರ್!' (1968), ವೈದ್ಯ ವಿದ್ಯಾರ್ಥಿಗಳ 'ಡಾಕ್ಟರ್ ಇನ್ ದ ಹೌಸ್' (1969), ಬಸ್ ಚಾಲಕ ಹಾಗೂ ಕಂಡಕ್ಟರ್ ಜೋಡಿಯ 'ಆನ್ ದ ಬಸಸ್' (1969). ಕೊನೆಯದನ್ನು ರೊನಾಲ್ಡ್ ವುಲ್ಫ್ ಮತ್ತು ರೊನಾಲ್ಡ್ ಚೆಸ್ನಿ ಮೊದಲು ಬಿಬಿಸಿಗೆ ಒಯ್ದಿದ್ದರು. ಅಲ್ಲಿ ಬೇಡವೆಂದರು, ಮ್ಯೂರ್ ಒಪ್ಪಿಕೊಂಡ. ವಿಮರ್ಶಕರು ಮೂಗು ಮುರಿದರೂ ಅದು 1973ರವರೆಗೆ ಏಳು ಸರಣಿ ನಡೆಯಿತು, ಚಲನಚಿತ್ರಗಳೂ ಆದವು. ಸೂಕ್ಷ್ಮ ಶ್ಲೇಷೆಗಳ ಬರಹಗಾರ ಇಷ್ಟು ಒರಟು ಹಾಸ್ಯಕ್ಕೆ ಹಸಿರು ನಿಶಾನೆ ತೋರಿದ್ದು ಕೆಲವರಿಗೆ ವಿಚಿತ್ರವೆನಿಸಿದೆ. ಗ್ಲಮ್ ಸಂಸಾರವನ್ನು ಕಂಡಿದ್ದವರಿಗೆ ಹಾಗೆನಿಸಬೇಕಾಗಿಲ್ಲ: ಬಸ್ ಚಾಲಕನ ಮನೆಯಲ್ಲೂ ಕದಲದ ಅದೇ ಸ್ಥಿತಿ, ಅದೇ ಇಕ್ಕಟ್ಟು. 1969ರ ಸೆಪ್ಟೆಂಬರಿನಲ್ಲಿ ಆಡಳಿತ ಮಂಡಳಿ ಪೀಕಾಕ್‌ನನ್ನು ವಜಾ ಮಾಡಿದಾಗ ಪ್ರತಿಭಟಿಸಿ ರಾಜೀನಾಮೆ ಕೊಟ್ಟ ಹಿರಿಯರಲ್ಲಿ ಮ್ಯೂರ್ ಒಬ್ಬ. ಅಲ್ಲಿಂದ ಮುಂದೆ ಯಾವ ಸಂಸ್ಥೆಯ ಆಡಳಿತಕ್ಕೂ ಹೋಗಲಿಲ್ಲ.

'ಮೈ ವರ್ಡ್!' ಮತ್ತು ಕಥೆಯ ಯಂತ್ರ

'ಮೈ ವರ್ಡ್!' 1956ರಲ್ಲಿ ಶುರುವಾಗಿ 1980ರ ದಶಕದ ಕೊನೆಯವರೆಗೆ ನಡೆಯಿತು. ರೂಪಿಸಿದವರು ಎಡ್ವರ್ಡ್ ಜೆ. ಮೇಸನ್ ಮತ್ತು ಟೋನಿ ಶ್ರೈನ್. ಹಳ್ಳಿಗಾಡಿನ ರೇಡಿಯೊ ಧಾರಾವಾಹಿ 'ದ ಆರ್ಚರ್ಸ್' ಜೊತೆಗೂ ಇವರ ಹೆಸರು ಬೆರೆತಿದೆ. ಇಬ್ಬಿಬ್ಬರ ಎರಡು ತಂಡ, ಪದಾರ್ಥ, ಉದ್ಧರಣೆ, ನುಡಿಗಟ್ಟಿನ ಮೂಲ ಕುರಿತ ಪ್ರಶ್ನೆಗಳು. ಮ್ಯೂರ್, ನಾರ್ಡನ್ ಎದುರುಬದುರು ತಂಡಗಳಲ್ಲಿರುತ್ತಿದ್ದರು. ಆರಂಭದಲ್ಲಿ ಕಾದಂಬರಿಕಾರ್ತಿ ಇ. ಆರ್ನಟ್ ರಾಬರ್ಟ್‌ಸನ್, ಪತ್ರಕರ್ತೆ ನ್ಯಾನ್ಸಿ ಸ್ಪೇನ್. ಬಳಿಕ ಚಿತ್ರವಿಮರ್ಶಕಿ ಡಿಲಿಸ್ ಪೊವೆಲ್, ಪತ್ರಕರ್ತೆ ಆನ್ ಸ್ಕಾಟ್-ಜೇಮ್ಸ್ ಜೊತೆಗಿದ್ದರು. ದೀರ್ಘಕಾಲ ಅಧ್ಯಕ್ಷನಾಗಿದ್ದ ಜ್ಯಾಕ್ ಲಾಂಗ್‌ಲ್ಯಾಂಡ್ ಶಿಕ್ಷಣಾಧಿಕಾರಿ. 1933ರ ಎವರೆಸ್ಟ್ ಯಾತ್ರೆಯಲ್ಲಿ ಪಾಲ್ಗೊಂಡಿದ್ದ ಪರ್ವತಾರೋಹಿ.

ಜನ ಕಾಯುತ್ತಿದ್ದದ್ದು ಕೊನೆಯ ಸುತ್ತಿಗೆ. ಇಬ್ಬರಿಗೂ ಒಂದೊಂದು ಪ್ರಸಿದ್ಧ ಉದ್ಧರಣೆ ಅಥವಾ ಗಾದೆ. ಅದು ಹೇಗೆ ಹುಟ್ಟಿತೆಂದು ಕಥೆ ಕಟ್ಟಿ ಹೇಳಬೇಕು. ಮೊದಮೊದಲು ಉದ್ಧರಣೆ ಸಿಕ್ಕುತ್ತಿದ್ದದ್ದು ಕಾರ್ಯಕ್ರಮದ ಹೊತ್ತಿನಲ್ಲಿ. ವರ್ಷಗಳು ಕಳೆದಂತೆ ಕಥೆಗಳು ಬೆಳೆದು, ತಾವೇ ಆಯ್ದು ಸಿದ್ಧಪಡಿಸಿಕೊಂಡು ಬರುವುದು ರೂಢಿಯಾಯಿತು. ಕಥೆ ಸಾಮಾನ್ಯವಾಗಿ ಮನೆಯ ಸಣ್ಣ ಪೇಚಿನಿಂದ ತೊಡಗಿ, ಎಲ್ಲೆಲ್ಲಿಗೋ ಅಡ್ಡಾಡಿ, ಕೊನೆಯ ಸಾಲಿನಲ್ಲಿ ಮೂಲ ಉದ್ಧರಣೆಯಂತೆಯೇ ಕೇಳಿಸುವ ಬೇರೊಂದು ವಾಕ್ಯಕ್ಕೆ ಬಂದು ಬೀಳುತ್ತಿತ್ತು. ಕಥಾಸಂಗ್ರಹವೊಂದರ ಹೆಸರೇ ಇದಕ್ಕೆ ಮಾದರಿ. ಕೇಕನ್ನು ಇಟ್ಟುಕೊಳ್ಳುವುದೂ ತಿನ್ನುವುದೂ ಒಟ್ಟಿಗೆ ಆಗದು ಎಂಬ ಇಂಗ್ಲಿಷ್ ಗಾದೆಯಲ್ಲಿ 'ಕೇಕ್' ಇದ್ದಲ್ಲಿ 'ಕಯಾಕ್' ಎಂಬ ಕಿರುದೋಣಿಯನ್ನೂ, 'ಈಟ್' ಇದ್ದಲ್ಲಿ 'ಹೀಟ್' ಎಂಬ ಕ್ರಿಯಾಪದವನ್ನೂ ಕೂರಿಸಿ 1973ರಲ್ಲಿ ಪುಸ್ತಕಕ್ಕೆ ಹೆಸರಿಟ್ಟರು.

ಈ ಕಥೆಯ ಕಷ್ಟ ಇರುವುದು ಹಿಂದುಮುಂದಾದ ರಚನೆಯಲ್ಲಿ. ಮೊದಲು ಸಿದ್ಧವಾಗುವುದು ಕೊನೆಯ ಸಾಲು. ಅದರಲ್ಲಿ ಬರುವ ಪ್ರತಿ ಶಬ್ದಕ್ಕೂ ಕಥೆಯೊಳಗೆ ಒಂದು ಕಾರಣ ನೆಡಬೇಕು. ದೋಣಿ ಬೇಕೆಂದರೆ ನೀರು ಬರಬೇಕು, ಚಳಿ ಬರಬೇಕು, ಅವು ಬಂದದ್ದು ಸಹಜವೆನಿಸಬೇಕು. ನೆಟ್ಟದ್ದು ಕೇಳುಗನ ಕಣ್ಣಿಗೆ ಬಿದ್ದರೆ ಕೊನೆ ಮೊದಲೇ ಗೊತ್ತಾಗುತ್ತದೆ; ಬೀಳದೇ ಹೋದರೆ ಕೊನೆ ಅರ್ಥವಾಗುವುದಿಲ್ಲ. ಮೂಲ ಗಾದೆ ಕಾರ್ಯಕ್ರಮದ ಆರಂಭದಿಂದಲೇ ಎಲ್ಲರಿಗೂ ಗೊತ್ತಿರುವುದರಿಂದ, ಎಲ್ಲಿಗೆ ಹೋಗುತ್ತದೆ ಎಂಬುದು ಗುಟ್ಟಲ್ಲ. ಯಾವ ದಾರಿಯಲ್ಲಿ ಎಂಬುದೇ ಕುತೂಹಲ. 'ಟೇಕ್ ಇಟ್ ಫ್ರಮ್ ಹಿಯರ್'ನಲ್ಲಿ ಒಂದು ವಾಕ್ಯಕ್ಕೆ ಅನ್ವಯಿಸಿದ ಕಸುಬು ಇಲ್ಲಿ ಕೆಲವು ನಿಮಿಷಗಳ ಕಥೆಗೆ ಅನ್ವಯವಾಯಿತು.

ಬಿಬಿಸಿಯ ಟ್ರಾನ್ಸ್‌ಕ್ರಿಪ್ಷನ್ ವಿಭಾಗ ಇದನ್ನು ಹೊರದೇಶದ ಕೇಂದ್ರಗಳಿಗೆ ಕಳಿಸುತ್ತಿತ್ತು, ವರ್ಲ್ಡ್ ಸರ್ವಿಸ್ ಕೂಡ ಪ್ರಸಾರ ಮಾಡುತ್ತಿತ್ತು. ಭಾರತದಲ್ಲಿ ಶಾರ್ಟ್‌ವೇವ್‌ಗೆ ಕಿವಿಗೊಟ್ಟಿದ್ದ ಇಂಗ್ಲಿಷ್ ಬಲ್ಲ ಕೇಳುಗರಿಗೂ ಮ್ಯೂರ್ ಪರಿಚಯವಾದದ್ದು ಬಹುಮಟ್ಟಿಗೆ ಈ ಮೂಲಕ. ಇದರ ಸಂಗೀತದ ಸೋದರ ಕಾರ್ಯಕ್ರಮ 'ಮೈ ಮ್ಯೂಸಿಕ್' 1967ರಲ್ಲಿ ಆರಂಭವಾಗಿ 1990ರ ದಶಕದವರೆಗೆ ನಡೆಯಿತು. ಸ್ಟೀವ್ ರೇಸ್ ಅದರ ಅಧ್ಯಕ್ಷ. ಸಂಗೀತ ಶಿಕ್ಷಣವಿಲ್ಲದ ಮ್ಯೂರ್, ನಾರ್ಡನ್ ಅಲ್ಲಿ ಪಳಗಿದ ಗಾಯಕರ ಪಕ್ಕದಲ್ಲಿ ಕುಳಿತು ಹಾಡುತ್ತಿದ್ದರು.

ಪರದೆಯ ಮೇಲೆ

'ಕಾಲ್ ಮೈ ಬ್ಲಫ್' ಬಿಬಿಸಿ2ರಲ್ಲಿ 1965ರಿಂದ 1988ರವರೆಗೆ ನಡೆಯಿತು. ನಿಘಂಟಿನ ಮೂಲೆಯ ಪದವೊಂದಕ್ಕೆ ಮೂವರು ಮೂರು ಅರ್ಥ ಹೇಳುತ್ತಾರೆ, ಒಂದು ಮಾತ್ರ ನಿಜ. ಮ್ಯೂರ್ ಒಂದು ತಂಡದ ನಾಯಕ. ಎದುರಾಳಿ ಮೊದಲು ನಟ ರಾಬರ್ಟ್ ಮಾರ್ಲಿ, ಬಳಿಕ ಉಗ್ಗುತ್ತಲೇ ಸಭೆಯನ್ನು ಗೆಲ್ಲುತ್ತಿದ್ದ ಐರಿಶ್ ಅಂಕಣಕಾರ ಪ್ಯಾಟ್ರಿಕ್ ಕ್ಯಾಂಪ್‌ಬೆಲ್, 1980ರಲ್ಲಿ ಆತ ತೀರಿಕೊಂಡ ಮೇಲೆ ಆರ್ಥರ್ ಮಾರ್ಷಲ್. 1970ರ ದಶಕದಲ್ಲಿ ಚೈಕೋವ್‌ಸ್ಕಿಯ 'ನಟ್‌ಕ್ರ್ಯಾಕರ್' ಬ್ಯಾಲೆಯ ಕೊಳಲಿನ ರಾಗಕ್ಕೆ ಹಾಡುತ್ತ ಕ್ಯಾಡ್ಬರಿ ಚಾಕೊಲೇಟಿನ ಜಾಹೀರಾತಿನಲ್ಲಿ ಕಾಣಿಸಿಕೊಂಡದ್ದು ಈತನನ್ನು ಮಕ್ಕಳವರೆಗೂ ಮುಟ್ಟಿಸಿತು.

ಗ್ರಂಥಗಳು

'ದ ಫ್ರಾಂಕ್ ಮ್ಯೂರ್ ಬುಕ್' (1976) ಸಂಗೀತ, ಶಿಕ್ಷಣ, ಆಹಾರ ಮುಂತಾದವುಗಳ ಬಗ್ಗೆ ಹಿಂದಿನವರು ಆಡಿದ ಕಟುನುಡಿಗಳ ಸಂಕಲನ. ಸದಾ ಕೊಳಕಾಗಿರುವ ಅಫ್ಘನ್ ನಾಯಿಮರಿಯ ಕಥೆ 'ವಾಟ್-ಎ-ಮೆಸ್' (1977) ಜೋಸೆಫ್ ರೈಟ್‌ನ ಚಿತ್ರಗಳೊಡನೆ ಪ್ರಕಟವಾಗಿ ಹಲವು ಪುಸ್ತಕಗಳಾಗಿ ಬೆಳೆಯಿತು. ಕಾರ್ಟೂನ್ ಆದಾಗ ನಿರೂಪಣೆಯ ದನಿ ಮ್ಯೂರ್‌ನದೇ. 'ದ ವಾಲ್ಪೋಲ್ ಆರೆಂಜ್' (1993) ಕಾದಂಬರಿ, 'ಎ ಕೆಂಟಿಷ್ ಲ್ಯಾಡ್' (1997) ಆತ್ಮಕಥೆ.

ಗ್ರಂಥಗಳಲ್ಲಿ ತೂಕದ್ದು 'ದ ಆಕ್ಸ್‌ಫರ್ಡ್ ಬುಕ್ ಆಫ್ ಹ್ಯೂಮರಸ್ ಪ್ರೋಸ್' (1990). ಹದಿನೈದನೆಯ ಶತಮಾನದ ಮುದ್ರಕ ವಿಲಿಯಂ ಕ್ಯಾಕ್ಸ್‌ಟನ್ನಿನಿಂದ ಪಿ.ಜಿ. ವುಡ್‌ಹೌಸ್‌ವರೆಗಿನ ಇಂಗ್ಲಿಷ್ ಹಾಸ್ಯ ಗದ್ಯದ ಈ ಸಂಕಲನ ಸಾವಿರ ಪುಟ ಮೀರುತ್ತದೆ. ಆಯ್ದ ಭಾಗಗಳ ನಡುವೆ ಸಂಪಾದಕನ ಟಿಪ್ಪಣಿಗಳು ಹರಿದು, ಒಟ್ಟು ಪುಸ್ತಕ ಹಾಸ್ಯದ ಚರಿತ್ರೆಯಂತೆ ಓದಿಸಿಕೊಳ್ಳುತ್ತದೆ. ಹದಿಹರೆಯದಲ್ಲಿ ಶಾಲೆ ಬಿಟ್ಟವನ ಸ್ವಂತ ಓದಿನ ಫಲ ಇದು.

ಗೌರವಗಳು, ಕೊನೆಯ ವರ್ಷಗಳು

ಸ್ಕಾಟ್ಲೆಂಡಿನ ಸೇಂಟ್ ಆಂಡ್ರೂಸ್ ವಿಶ್ವವಿದ್ಯಾಲಯದ ರೆಕ್ಟರನನ್ನು ವಿದ್ಯಾರ್ಥಿಗಳು ಚುನಾಯಿಸುತ್ತಾರೆ. ಜಾನ್ ಕ್ಲೀಸ್, ಅಲನ್ ಕೋರೆನ್ ನಂತರ ಮ್ಯೂರ್ (1976–79), ಬಳಿಕ ಟಿಮ್ ಬ್ರೂಕ್-ಟೇಲರ್. ಹೀಗೆ ಆ ಸ್ಥಾನ ಒಂದು ದಶಕದುದ್ದಕ್ಕೂ ಹಾಸ್ಯಗಾರರ ಕೈಯಲ್ಲೇ ಇತ್ತು. 1980ರಲ್ಲಿ ಮ್ಯೂರ್, ನಾರ್ಡನ್ ಇಬ್ಬರಿಗೂ ಸಿಬಿಇ ಪದವಿ ಬಂತು. ಮ್ಯೂರ್ ದೀರ್ಘಕಾಲ ವಾಸವಾಗಿದ್ದದ್ದು ಸರಿ ಪ್ರಾಂತದ ಥಾರ್ಪ್ ಹಳ್ಳಿಯಲ್ಲಿ. 1998ರ ಜನವರಿ 2ರಂದು ತೀರಿಕೊಂಡ.

ಮೌಲ್ಯಮಾಪನ

ಬರಹಗಾರನಾಗಿ ಮ್ಯೂರ್‌ನನ್ನು ಒಂಟಿಯಾಗಿ ಅಳೆಯುವುದು ಕಷ್ಟ. ಅತ್ಯುತ್ತಮ ಸ್ಕ್ರಿಪ್ಟುಗಳೆಲ್ಲ ಜಂಟಿ ಕೃತಿಗಳು. ಗಾಲ್ಟನ್-ಸಿಂಪ್ಸನ್ ಜೋಡಿಯ ವಿಷಾದದ ಆಳ ಇವರ ಬರಹದಲ್ಲಿ ವಿರಳ. ವಾಕ್ಯದ ಮೇಲಿನ ಹತೋಟಿಯಲ್ಲಿ ಇವರೇ ಒಂದು ಕೈ ಮೇಲು. ಇಂಗ್ಲಿಷಿನ ಗಾದೆ, ಹಳೆಯ ಸಿನಿಮಾಗಳ ನೆನಪು ಬೇಡುವ ಹಾಸ್ಯವಾದ್ದರಿಂದ ಅದರ ಒಂದು ಪಾಲು ಕಾಲದೊಡನೆ ಮಂಕಾಗಿದೆ. ಗ್ಲಮ್ ಸಂಸಾರ, ಬ್ಯಾಲಮ್ ಪ್ರವಾಸ ಇಂದಿಗೂ ನಗಿಸುತ್ತವೆ, ಏಕೆಂದರೆ ಅವು ನಿಂತಿರುವುದು ಸ್ವಭಾವದ ಮೇಲೆ. ಮ್ಯೂರ್‌ಗೆ ಮಾತ್ರ ಸಲ್ಲಬೇಕಾದವು ಎರಡು: ಆಕ್ಸ್‌ಫರ್ಡ್ ಸಂಕಲನ ಮತ್ತು 1964–69ರ ಆಡಳಿತ. ಮೊದಲನೆಯದನ್ನು ಗ್ರಂಥಾಲಯಗಳು ಕಾಪಾಡಿವೆ. ಎರಡನೆಯದು ಬೇರೆಯವರ ಹೆಸರಿನ ಕಾರ್ಯಕ್ರಮಗಳಲ್ಲಿ ಹಂಚಿಹೋಗಿರುವುದರಿಂದ ಈತನ ಲೆಕ್ಕಕ್ಕೆ ಬರುವುದೇ ಅಪರೂಪ. ಬ್ರಿಟಿಷ್ ಟಿವಿ ಹಾಸ್ಯದ ಚರಿತ್ರೆ ಬರೆಯುವವರು ಬೋ ಟೈಗೆ ಕೊಟ್ಟಷ್ಟೇ ಜಾಗವನ್ನು ಆ ಐದು ವರ್ಷಗಳಿಗೂ ಕೊಡುವುದು ನ್ಯಾಯ.